ಅರ್ಧ ಲೀಟರ್ ಎಮ್ಮೆ ಹಾಲು

ಭರಮಾ ಕಾಕಾ ದಿನಾ ಕೇಳುತ್ತಾನೆ, ಕ್ಯಾನು ಬಗ್ಗಿಸುತ್ತ:
"ಅರ್ಧ ಲೀಟರ್‌ನ್ಯಾಗ ಏನ್ ಕುಂದಾ ಮಾಡ್ತೀರಿ ಮೇಡಂ?"
ನಗುತ್ತೇನೆ. ಹೇಗೆ ಹೇಳಲಿ,
ಇದನ್ನು ಕಾಯಿಸುವುದಿಲ್ಲ, ಹೆಪ್ಪು ಹಾಕುವುದಿಲ್ಲ,
ಕಾಲೇಜಿನ ನೆಲಮಾಳಿಗೆಯ ಕತ್ತಲಲ್ಲಿ
ಗಾಜಿನ ತೊಟ್ಟಿಗೆ ಸುರಿದು, ನೀರು ಬೆರೆಸಿ
(ನೀನು ಬೆರೆಸಿದ್ದು ಸಾಲದೆಂದು)
ಮನುಷ್ಯನ ಮಾಂಸ ಎಂದು ಕರೆಯುತ್ತೇವೆ.

ಹೌದು, ಹಾಲನ್ನೇ. ಬೆಳಕಿಗೆ
ಹಾಲಿಗೂ ತೊಗಲಿಗೂ ಬಹಳ ವ್ಯತ್ಯಾಸವಿಲ್ಲ.
ಕೊಬ್ಬಿನ ಕಣದಿಂದ ಕಣಕ್ಕೆ ಡಿಕ್ಕಿ ಹೊಡೆಯುತ್ತ
ಕೆಂಪು ಕಿರಣ,
ರವಿವಾರ ಪೇಟೆಯಲ್ಲಿ ಕೈ ಬಿಟ್ಟ ಮಗುವಿನಂತೆ
ಯಾವ ಓಣಿಯಿಂದಲೋ ಹೊರಬರುತ್ತದೆ.
ಸತ್ತಿಲ್ಲ ಅದು.
ಹೋದ ದಾರಿಯಷ್ಟೂ ಅದರ ಮೈಮೇಲಿದೆ,
ಓದಲು ಬಾರದ ಅಕ್ಷರದಲ್ಲಿ.

ಓದಬಹುದು, ಎನ್ನುತ್ತಾಳೆ ತಬಸ್ಸುಮ್ ಸನದಿ.
ಎಲ್ಲಿ ಎಷ್ಟು ಸೊಟ್ಟಗಾಗುತ್ತದೆಂದು ಅಳೆ;
ಅಷ್ಟೇ ಸೊಟ್ಟ, ತಿರುವುಮುರುವಾಗಿ, ಮೊದಲೇ ಕಟ್ಟಿ ಕಳಿಸು;
ಡೊಂಕಿಗೆ ಡೊಂಕು ತಾಗಿ ನೆಟ್ಟಗಾಗುತ್ತದೆ.
ಅದಕ್ಕೆಂದೇ ತರಿಸಿದ ಕನ್ನಡಿ,
ಹೆಬ್ಬೆರಳ ಉಗುರಿನಷ್ಟು ಅಗಲ,
ಬೆನ್ನಿಗೆ ನೂರನಲವತ್ತು ಸೂಜಿಕಾಲು.
ಹೇಳಿದಲ್ಲಿ ಉಬ್ಬುತ್ತದೆ, ಹೇಳಿದಲ್ಲಿ ತಗ್ಗುತ್ತದೆ.
ಕರೆಂಟು ಹೋದರೆ ಎಲ್ಲ ಮರೆತು ಸಪಾಟು.

ಹಾಲಿನಾಚೆ ಒಂದು ದಾರ ಕಟ್ಟಿದ್ದೆವು, ವಡಗಾವಿಯ ಮಗ್ಗದ್ದು.
ಹದಿನೇಳನೆಯ ದಿನ, ಸಂಜೆ ಐದೂಮುಕ್ಕಾಲಿಗೆ,
ಬಿಳಿ ಮಬ್ಬಿನ ನಡುವೆ ಕಂಡಿತು ದಾರ,
ಅದರ ಹುರಿ ಕೂಡ.
ತಬಸ್ಸುಮ್ ಏನೂ ಅನ್ನಲಿಲ್ಲ.
ಚಹಾ ತರಲು ಹೋಗಿ, ಚಹಾ ಮರೆತು ಬಂದಳು.

ದಾರ ಕೊಟ್ಟ ಲಗಮವ್ವನನ್ನೇ ಕರೆಸಿದೆವು.
ನಲವತ್ತು ವರ್ಷ ನೇಯ್ದ ಕೈ. ಕಿರುಬೆರಳು
ಚಳಿಗೆ ಬೆಳ್ಳಗಾಗಿ ಜೋಮು ಹಿಡಿಯುತ್ತದೆ.
ತೊಟ್ಟಿ ಸರಿಸಿ ಅಲ್ಲಿ ಆ ಕೈ ಇಟ್ಟೆವು.

ಪರದೆ ಬರೀ ಮಂಜು.
ಕನ್ನಡಿ ಒಂದು ಡೊಂಕು ಕಲಿಯುವಷ್ಟರಲ್ಲಿ
ಒಳಗೆ ಬೇರೆಯೇ ಡೊಂಕು; ಅದನ್ನು ಕಲಿತರೆ ಇನ್ನೊಂದು.
"ಅವ್ವಾರ, ಜರಾ ಅಲಗಾಡಬ್ಯಾಡ್ರಿ."
"ಕೈ ನಾ ಇಟ್ಟಂಗ ಐತಿ ನೋಡ ಯವ್ವಾ.
ಒಳಗಿಂದು ನನ್ನ ಮಾತ ಎಲ್ಲಿ ಕೇಳ್ತೈತಿ?"

ಎರಡು ವರ್ಷ ನಾನು ಈ ಒಳಗಿನದನ್ನೇ
ಕಸವೆಂದು ಗುಡಿಸಿದ್ದೆ.
ವರದಿಗಳಲ್ಲಿ ಅದಕ್ಕೆ ನಾನಿಟ್ಟ ಹೆಸರು ಗದ್ದಲ.
ಮಟನ್ ಅಂಗಡಿಯಿಂದ ತಂದ ತುಂಡು ಎಷ್ಟು ವಿಧೇಯ!
ಲೇಸರ್ ಬಿದ್ದರೆ ಎರಚಿದ ರವೆಯಂತೆ ಚುಕ್ಕಿ ಚುಕ್ಕಿ,
ಬಹಳ ಹೊತ್ತು ಒಂದೂ ಕದಲುವುದಿಲ್ಲ.
ಲಗಮವ್ವನ ಬೆರಳಲ್ಲಿ ರವೆ ಕುದಿಯುತ್ತದೆ.

ಕುದಿಯುತ್ತದೆ. ಆದರೆ ಎಲ್ಲ ಕಡೆ ಒಂದೇ ಸಮ ಅಲ್ಲ.
ಆ ರಾತ್ರಿ ಕೆಟ್ಟ ಚಿತ್ರಗಳನ್ನೆಲ್ಲ ಮತ್ತೆ ಹೊರಗೆಳೆದು
ಸ್ಪಷ್ಟವಾದದ್ದನ್ನು ಹುಡುಕುವುದು ಬಿಟ್ಟು
ಎಲ್ಲಿ ಎಷ್ಟು ಕಲಸಿದೆ ಎಂದಷ್ಟೇ ಎಣಿಸಿದೆ.
ಹೆಚ್ಚು ಕಲಸಿದಲ್ಲಿ ಹೆಚ್ಚು ಹರಿವು.
ಗೆರೆ ಮೂಡಿತು. ಗೆರೆ ಕವಲಾಯಿತು.
ತೋರುಬೆರಳ ತುದಿಯವರೆಗೆ ಹೋಗಿ ತಿರುಗಿ ಬಂತು ನೆತ್ತರು.
ಕಿರುಬೆರಳಲ್ಲಿ, ಎರಡನೆಯ ಗೆಣ್ಣಿನಾಚೆ,
ಚುಕ್ಕಿಗಳು ನಿಂತಿದ್ದವು,
ತುಂಬ ಸ್ಪಷ್ಟವಾಗಿ,
ಎರಡು ವರ್ಷ ನಾನು ಬಯಸಿದಷ್ಟೇ ಸ್ಪಷ್ಟವಾಗಿ.

ಮರುದಿನ ತೋರಿಸಿದೆ. ಲಗಮವ್ವ ಕನ್ನಡಕ ಏರಿಸಿ
ಬಟ್ಟೆಯ ದೋಷ ನೋಡುವ ಹಾಗೆ ನೋಡಿದಳು.
"ಇಲ್ಲಿ ಎಳಿ ಕಡದೈತಿ," ಅಂದಳು,
ನಾನು ಬೆರಳು ತೋರಿಸುವ ಮೊದಲೇ.
"ಜೋಡಸಾಕ ಬರತೈತೇನು?"
ಬೆಳಕಿನ ಬಗ್ಗೆ ಕೇಳಿದ್ದರೆ ಉತ್ತರವಿತ್ತು.
ಮೇಲಿನ ಮಹಡಿಯ ಡಾಕ್ಟರಿಗೆ ಚೀಟಿ ಬರೆದೆ,
ಚಿತ್ರ ಮಡಚಿ ಒಳಗಿಟ್ಟೆ.

ಇವತ್ತು ಭರಮಾ ಕಾಕಾ ಕ್ಯಾನು ಬಗ್ಗಿಸಿದಾಗ
ಒಂದು ಲೀಟರ್ ಹಾಕು ಅಂದೆ.
ಅರ್ಧ ತೊಟ್ಟಿಗೆ.
ಅರ್ಧ ಚಹಾಕ್ಕೆ. ಹತ್ತು ಗಂಟೆಗೆ
ಲಗಮವ್ವ ಮತ್ತೆ ಬರುತ್ತಾಳೆ,
ಎಡಗೈ ತೋರಿಸಲು.