ತಪ್ಪು – ಒಪ್ಪು

ಟಾಂಗಾ ಕೂಟದ ಹಿಂದ, ಸಣ್ಣ ಓಣಿಯೊಳಗ
ನಮ್ಮ ಪ್ರೆಸ್ಸು.
ಮೂವತ್ತಾರು ವರ್ಷ ಮೊಳೆ ಜೋಡಿಸೀನಿ.
ಗದಗ-ಬೆಟಗೇರಿಯೊಳಗ ಯಾರು ಸತ್ತರೂ
ಮೊದಲ ಮಣ್ಣಿಗೆ, ಆಮ್ಯಾಲ ನನ್ನ ಕೈಗೆ.

'ಅಲ್ಪಕಾಲದ ಅನಾರೋಗ್ಯದಿಂದ' ಅನ್ನೋ ಸಾಲು
ನಾವು ಬಿಚ್ಚೋದೇ ಇಲ್ಲ.
ದಾರ ಸುತ್ತಿ ಗ್ಯಾಲಿಯ ಮೂಲ್ಯಾಗ ಇಟ್ಟಿರತೀವಿ,
ದಿನಾ ಬೇಕಾಗತೈತಿ.

ಮಗಳ ಕಾರ್ಡಿಗೂ ಅದನ್ನ ಹಾಕಿದೆ.
ಒಂಬತ್ತು ವರ್ಷ ಆತು.
ಓಣಿಯವರು ಓದಿದರು, ಬೀಗರು ಓದಿದರು.
ಏನಾಗಿತ್ರಿ ಅಂದವರಿಗೆ
ಡೆಂಗ್ಯೂ ಅಂತ ಒಮ್ಮೆ, ಕಾಮಾಲಿ ಅಂತ ಒಮ್ಮೆ,
ಬಾಯಿಗೆ ಬಂದ ಜಡ್ಡು ಹೇಳಿದೆ.
ಮನ್ಯಾಗ ಗಿರಿಜವ್ವ ಏನೂ ಹೇಳಲಿಲ್ಲ.
ಮಗಳ ಸೈಕಲ್ಲಿಗೆ ವಾರಕ್ಕೊಮ್ಮೆ
ಗಾಳಿ ಹಾಕಿಸಿಕೊಂಡು ಬರತಿದ್ದಳು, ಅಷ್ಟೇ.

ಮೊನ್ನೆ ಬುಧವಾರ ಒಬ್ಬ ಹುಡುಗ ಬಂದ,
ಲಕ್ಕುಂಡಿ ಕಡೆಯವ. ಕೈಯಾಗ ನೋಟ್‌ಬುಕ್ಕಿನ ಹಾಳಿ.
ತಮ್ಮನ ಕಾರ್ಡು. ಬರೆದಿದ್ದ:
'ನಮ್ಮ ತಮ್ಮ ತನ್ನ ಜೀವ ತಾನೇ ಕಳಕೊಂಡ.
ಅವನಿಗೆ ಭಾಳ ತ್ರಾಸ ಇತ್ತು. ನಮಗ ತಿಳೀಲಿಲ್ಲ.'
ಮಾಲಕರು ಕನ್ನಡಕ ತಗದು
"ಯಾಕ ಬೇಕಪಾ, ಮಂದಿ ಓದತಾರ" ಅಂದರು.
"ಓದಲಿ ಅಂತನ ಹಾಕಸೂದ್ರಿ."

ನನ್ನ ಕೈ 'ತ'ದ ಖಾನೆಯೊಳಗೇ ನಿಂತಿತು.
ಹಿಂದ ಟ್ರೆಡಲ್ ಮಷೀನು ಖಡಖಡ ಅಂತಿತ್ತು.
ಆ ಸಪ್ಪಳದಾಗ ಯಾರಿಗೂ ಕೇಳಂಗಿಲ್ಲ
ಅನ್ನೋ ಧೈರ್ಯದ ಮ್ಯಾಲ ಬಾಯಿಬಿಟ್ಟೆ:
"ನನ್ನ ಮಗಳೂ ಹಂಗ..."
ಅಷ್ಟರಾಗ ಮೆಹಬೂಬಸಾಬ
ಎಣ್ಣಿ ಬಿಡಾಕ ಮಷೀನು ನಿಲ್ಲಿಸಿದ್ದ.

"...ಹೋದಳು" ಅನ್ನೋದು
ಸ್ಟಿಕ್ಕು ಕೈಜಾರಿ ಮೊಳೆ ಚೆಲ್ಲಿದಂಗ
ಪ್ರೆಸ್ಸಿನ ತುಂಬ ಬಿತ್ತು.

ಯಾರೂ ಸಮಾಧಾನ ಹೇಳಲಿಲ್ಲ.
ಮೆಹಬೂಬಸಾಬ ಡಬ್ಬಿ ಹಿಡಕೊಂಡೇ ನಿಂತಿದ್ದ,
ಎಣ್ಣಿ ನೆಲಕ್ಕ ಹನೀತಿತ್ತು.
ಹುಡುಗ ಕೇಳಿದ್ದು ಒಂದೇ:
"ಅಕ್ಕಾರ ಹೆಸರೇನ್ರಿ?"

ಕ.
ಸ, ಅದರ ಕೆಳಗ ತಾವತ್ತು, ಬಾಜೂಕ ಕೊಂಬಿನಿಳಿ.
ರಿ. ಗುಡಿಸು ಸ್ವಲ್ಪ ಸವದೈತಿ.
ಒಂದೊಂದ ಹೆಕ್ಕಿ ಅವನ ಅಂಗೈಯಾಗ ಇಟ್ಟೆ.
ಮೊಳೆಯೊಳಗ ಅಕ್ಷರ ತಿರುಗಮುರುಗ ಇರತಾವ.
"ಓದಾಕ ಬರವಲ್ದ್ರೀ" ಅಂದ.
"ನನಗೂ ಭಾಳ ದಿನ ಬಂದಿಲ್ಲ" ಅಂದೆ.

ಅವನ ಕಾರ್ಡು ಅವ ಬರೆದಂಗ ಹಾಕಿದೆ,
ಕಾಗುಣಿತ ಸುದ್ದಾ ಮುಟ್ಟಲಿಲ್ಲ.
ಸಂಜಿಕೆ, ಕತ್ತರಿಸಿ ಉಳಿದ ಒಂದು ಪಟ್ಟಿ ಕಾಗದಕ್ಕ,
ಪುಸ್ತಕದ ಕೊನಿಗೆ ಹಾಕತೀವಲ್ಲ, ಹಂಗ
ಎರಡು ಕಾಲಂ ಮಾಡಿ ಜೋಡಿಸಿದೆ:

ತಪ್ಪು: ಅಲ್ಪಕಾಲದ ಅನಾರೋಗ್ಯ.
ಒಪ್ಪು: ಕಸ್ತೂರಿ, ಹತ್ತೊಂಬತ್ತು ವರ್ಷ. ಬದುಕು ಭಾರಾತು. ತಾನೇ ಹೋದಳು.

ಮಸಿ ಆರದ ಪ್ರೂಫು ಬೆಟಗೇರಿಗೆ ಒಯ್ದು
ಗಿರಿಜವ್ವನ ಮುಂದ ಇಟ್ಟೆ.
ಬೆರಳಿಟ್ಟು ಭಾಳ ಹೊತ್ತು ಓದಿದಳು,
ಬೆರಳಿಗೆ ಮಸಿ ಹತ್ತಿತು.
"ಇಪ್ಪತ್ತು" ಅಂದಳು.
"ಹತ್ತೊಂಬತ್ತಲ್ಲ. ಹಿಂದಿನ ಸೋಮವಾರನ ತುಂಬಿತ್ತು.
ಅವತ್ತು ನೀವು ಓವರ್‌ಟೈಮಿನಾಗ ಇದ್ರಿ.
ಕೇಕು ನಿಮಗಂತ ತಗದಿಟ್ಟಿದ್ದಳು."

ಆಮ್ಯಾಲ ಇನ್ನೊಂದು ಅಂದಳು. ಮತ್ತೊಂದು.
ರಾತ್ರಿ ಎರಡರ ತನಕ
ಇಬ್ಬರೂ ಕೂತು ತಿದ್ದಿದಿವಿ.