ಏಳು ಮುಚ್ಚಳ

ಹದಿನಾಲ್ಕು ಹುಡುಗರ ಗಾಡಿ ನಂದು, ಬಿಳಿ ಓಮ್ನಿ,
ತೀನ್ ಕಂದೀಲಿನಿಂದ ಯರಮರಸಿನ ತನಕ.
ಹದಿನೈದನೇದು ಮೊದಲು ಕಂಡದ್ದು
ಗೇರಿನ ಬುಡದಾಗ, ಮೀಸಿ ಅಲ್ಲಾಡಿಸಿಕೋತ,
ಪಗಾರ ಕೇಳಾಕ ಬಂದ ಕ್ಲೀನರ್‌ನಂಗ.

ಜೊಂಡಿಗ ಅಂದೆ ನಾನು.
ತಿಮ್ಮಾಪುರ ಪೇಟೆಯ ನರಸಿಂಹುಲು ಬೊದ್ದಿಂಕ ಅಂದ.
ಕಾನ್ವೆಂಟಿನ ಹುಡುಗ ಕಾಕ್ರೋಚ್ ಅಂದ.
ಹೆಸರು ಮೂರಾಗೋದ್ರಾಗ
ಅವು ಮುನ್ನೂರಾದವು.

ಅಂಗಡಿ ಸುಭಾನಿ ಕೆಂಪು ಡಬ್ಬಿ ಮುಂದಿಟ್ಟ:
"ಹೊಡಿ ಹುಸೇನಪ್ಪ, ಗ್ಲಾಸ್ ಏರಿಸು, ಮುಗೀತು."
ಮುಗೀತು ಅನ್ನೋದರ ವಾಸನಿ ನನಗ ಗೊತ್ತು.
ಎರಡು ವರ್ಷ ಹತ್ತಿ ಹೊಲದಾಗ ಎಣ್ಣಿ ಹೊಡೆದಾವ ನಾನು,
ಬೆನ್ನಿಗೆ ಪಂಪು, ಬಾಯಿಗೆ ಟವೆಲ್ಲು.
ಒಂದು ಸಂಜಿ ಬದುವಿನ ಮ್ಯಾಲ ಕುಂತಾವ
ಎದ್ದದ್ದು ಮರುದಿನ, ಸರಕಾರಿ ದವಾಖಾನಿ ಮಂಚದಾಗ.
ಹುಳ ಸತ್ತವೋ ಇಲ್ಲೋ, ಯಾರೂ ಹೇಳಲಿಲ್ಲ.

ಹಿಂದಿನ ಸೀಟಿನಾಗ ರುಖಿಯಾ, ಮೂರನೇತ್ತಿ.
ಅವಳ ಚೀಲದಾಗೂ ಒಂದು ಪಂಪು ಐತಿ, ನೀಲಿದು,
ಉಸಿರು ಸಿಗದಾಗ ಹೊಡಕೊಳ್ಳೋದು.
ಡಬ್ಬಿ ವಾಪಸ್ ಕೊಟ್ಟೆ.

ಐತವಾರ ಸೀಟು ಬಿಚ್ಚಿದೆ.
ಮ್ಯಾಟಿನ ಕೆಳಗ ಹುಡುಗರ ಪೂರಾ ವರ್ಷ:
ಮಂಡಾಳು, ಮಿರ್ಚಿ ತುಂಬು, ಅರ್ಧ ರಬ್ಬರು,
ಶೇಂಗಾ ಚಿಕ್ಕಿ ಅಂಟಿದ ಪ್ರೋಗ್ರೆಸ್ ಕಾರ್ಡು,
ಅಪ್ಪನ ಸಹಿ ಇನ್ನೂ ಕಾಣದ್ದು.
ಒಬ್ಬೊಬ್ಬರ ಹೆಸರು ಹಿಡಿದು ಬೈದೆ
ಖಾಲಿ ಗಾಡಿಗೆ.

ಆದರ ಗೂಡು ಅಲ್ಲಿರಲಿಲ್ಲ.
ಡ್ಯಾಶ್‌ಬೋರ್ಡಿನ ಮ್ಯಾಲ ಹುಲಿಗೆಮ್ಮ. ಪಟದ ಹಿಂದ
ನಾನೇ ಸಿಗಿಸಿದ್ದೆ ಹೋದ ಹುಣ್ಣಿವಿ ಪ್ರಸಾದ:
ಸಕ್ಕರಿ, ಪುಠಾಣಿ, ಒಣಕೊಬ್ಬರಿ.
ಎತ್ತಿ ನೋಡಿದರ ಕಟ್ಟಿನ ಸಂದ್ಯಾಗ
ತೊಗರಿಕಾಳಿನಂಥ ತತ್ತಿಚೀಲಗಳು
ತಾಯಿ ಬೆನ್ನಿಗೆ ಹತ್ತಿ ಮಲಗಿದಂಗ.
ಇಷ್ಟು ದಿನ ಊದಿನಕಡ್ಡಿ ಬೆಳಗಿದ್ದು
ಯಾರ ಸಂಸಾರಕ್ಕೋ!
ಹಸಿ ಅರಿವಿಲೆ ಒರೆಸಿ ಅವ್ವನ್ನ ಮನಿಗೆ ಕಳಿಸಿದೆ.

ಪಂಕ್ಚರ್ ಖಾಜಾನ ಕಂಪ್ರೆಸರ್ ಗಾಳಿ
ಮೂಲಿ ಮೂಲಿ ಹೊಕ್ಕು ಬಂತು.
ಬೆಂಕಿಪೆಟ್ಟಿಗಿ, ಸೆಂಟಿನ ಡಬ್ಬಿ ಕೆಳಗಿಳಿಸಿ,
ಒಳಗ ಬೆಕ್ಕಿನ ಮರಿನೂ ಇಲ್ಲ ಅಂತ ಎರಡು ಸಲ ಬಗ್ಗಿ ನೋಡಿ,
ಮಾವಿನಕೆರಿ ದಂಡ್ಯಾಗ ನಿಲ್ಲಿಸಿ
ಗ್ಲಾಸು ಏರಿಸಿ ಕೀಲಿ ಹಾಕಿದೆ.
ರಾಯಚೂರಿನ ಬಿಸಿಲು, ಮ್ಯಾಲ ಐತವಾರ.
ಮೆಣಸಿನಕಾಯಿ, ಸಂಡಿಗಿ ಒಣಗಿಸೋದರ ಜೊತಿಗೆ
ಇದೂ ಒಂದು ಕೆಲಸ ಹಿಡೀತು, ಕೂಲಿ ಕೇಳಲಿಲ್ಲ.
ಬೇವಿನ ನೆರಳಾಗ ನಾನು.
ಎರಡು ತಾಸಿಗೆ ಗ್ಲಾಸಿನ ಒಳಗಡಿ
ಮೀಸಿ ತಡಕಾಡಿದವು, ಬಿದ್ದವು, ಮತ್ತ ಹತ್ತಿದವು.
ನೋಡಬಾರದಿತ್ತು.
ಬಾಯಿಗೆ ಟವೆಲ್ಲು ಒತ್ತಿಕೊಂಡದ್ದು
ಆಮ್ಯಾಲ ಗೊತ್ತಾತು.

ಸಂಜಿಗೆ ಮೊರದ ತುಂಬ ಬಳೆದೆ.

ಉಳಿದವಕ್ಕ ಬೋರಿಕ್ ಪುಡಿ, ಸಕ್ಕರಿ, ಗೋದಿ ಹಿಟ್ಟು,
ಕಡ್ಲಿಕಾಳಿನಷ್ಟು ಉಂಡಿ, ಸೋಡಾ ಬಾಟ್ಲಿ ಮುಚ್ಚಳದಾಗ.
ಏಳು.
ಸ್ಟೆಪ್ನಿ ಹಿಂದ, ಡ್ಯಾಶ್‌ಬೋರ್ಡಿನ ಹೊಟ್ಟ್ಯಾಗ,
ಎಳೇ ಬೆರಳು ಹೋಗದ ಕಡೆ.
ರಾತ್ರಿ ಇಡೋದು, ಮುಂಜಾನಿ ಎಣಿಸಿ ತೆಗಿಯೋದು,
ಪೆಟ್ರೋಲ್ ಲೆಕ್ಕದ ಪಕ್ಕ ಬರಿಯೋದು.
ಆರೇ ಬಂದರ ಗಾಡಿ ಹೊರಡಾಂಗಿಲ್ಲ.
ಒಂದು ಗುರುವಾರ ಆರೇ ಬಂದವು.
ಹದಿನಾಲ್ಕು ಮಂದಿಗೆ ಪ್ರಾರ್ಥನಿ ತಪ್ಪಿತು,
ಹೆಡ್‌ಮಾಸ್ತರ್ ಫೋನು, ತಾಯಂದಿರ ಫೋನು.
ಮತ್ತ ಸೀಟು ಬಿಚ್ಚಿದೆ, ಬೆವತೆ, ಅತ್ತಂಗಾತು.
ಏಳನೇದು ನನ್ನ ಚಪ್ಪಲಿ ಅಡಿಗೆ ಅಂಟಿತ್ತು.

ನಿನ್ನಿ ರೈಲ್ವೆ ಗೇಟಿನಾಗ ನಿಂತಾಗ
ಒಂದು ಮುದುಕ ಜೊಂಡಿಗ
ಮುಂದಿನ ಗ್ಲಾಸು ದಾಟಿತು, ಅವಸರ ಇಲ್ಲದ.
ಹುಡುಗರು ಚೀರಿ ಚೀರಿ ನಕ್ಕರು.
ರುಖಿಯಾನೂ ನಕ್ಕಳು, ತಡೀಲಾರದಂಗ.
ಕೆಮ್ಮು ಬಂದೀತು ಅಂತ ಕನ್ನಡಿಯಾಗ ನೋಡ್ತಾ ಕುಂತೆ.
ಗೂಡ್ಸ್ ಗಾಡಿ ಪೂರಾ ಹೋತು. ಬರಲಿಲ್ಲ.

"ಅಂಕಲ್, ಹುಲಿಗೆಮ್ಮ ಎಲ್ಲಿ?"
"ಮನ್ಯಾಗ."
"ಮತ್ತ ಪ್ರಸಾದ?"
ಕಿಸೆ ಮುಟ್ಟಿಕೊಂಡೆ, ಪುಠಾಣಿ ಸಪ್ಪಳಾತು.
"ಇಳಿದ ಮ್ಯಾಲ" ಅಂದೆ.