ಲೆಕ್ಕದವನು ಅತ್ತದ್ದು

ಚಳಿಗಾಲದ ಹಬ್ಬ. ಥೋರಿಕೊಸ್‌ನ ರಂಗದ ಕಲ್ಲುಮೆಟ್ಟಿಲು
ಬೆಳಗಿನಿಂದ ಕುಂಡೆ ಕೊರೆಯುತ್ತಿತ್ತು.
ಕುರಿಚರ್ಮ ಮಡಚಿ ತಂದಿದ್ದವರು ಜಾಣರು.
ನಾನು ತಂದದ್ದು ಒಂದು ಹಿಡಿ ಹುರಿಗಡಲೆ,
ಮತ್ತೆ, ಯಾರೂ ಕೇಳದಿದ್ದರೆ
ನೆನಪಿಲ್ಲವೆನ್ನಬಹುದಾದ ಒಂದು ವಿಷಯ.

ಪಕ್ಕದಲ್ಲಿ ಖೈರಿಪ್ಪೊಸ್, ಮೀನು ಮಾರುವವನು,
ಹೋದ ವರ್ಷ ತೊದಲಿದ ನಟನನ್ನು
ಹಿಮ್ಮಡಿಯಿಂದ ಕಲ್ಲು ಕುಟ್ಟಿ ಕುಟ್ಟಿ ಓಡಿಸಿದ ಭೂಪ.
ಮುಂದಿನ ಸಾಲಿನ ಒರಗುಪೀಠದಲ್ಲಿ ನನ್ನ ಧಣಿ ಯೂಥಿಕ್ಲಿಸ್,
ಬೆಳ್ಳಿಗಣಿಗಳ ಗುತ್ತಿಗೆ ಹಿಡಿದವನು.
ನಾನು ಅವನ ಲೆಕ್ಕ ಬರೆಯುತ್ತೇನೆ:
ಅದಿರು ಎಷ್ಟು ಬುಟ್ಟಿ, ಎಣ್ಣೆ ಎಷ್ಟು ದೀಪಕ್ಕೆ, ತಲೆ ಎಷ್ಟು.

ಆಟ ಸುರುವಾಯಿತು.
ಮುತ್ತಿಗೆ ಬಿದ್ದ ಊರು. ಕತ್ತಲಾದ ಮೇಲೆ
ಕೋಟೆಬಾಗಿಲು ತೆರೆಯಕೂಡದೆಂದು ಅರಸನ ಆಣೆ.
ಕತ್ತಲಾಯಿತು.
ನಮ್ಮ ನೆತ್ತಿಯ ಮೇಲೆ ಬಿಸಿಲಿತ್ತು; ಆದರೂ ಕತ್ತಲಾಯಿತು.
ಬಾಗಿಲ ಮೇಲೆ ಬಡಿತ.
ಒಂದು. ತಡೆದು, ಎರಡು.
ಆ ಬಡಿತವನ್ನು ಅರಸ ಬಲ್ಲ.
ಮಗ ಚಿಕ್ಕವನಿದ್ದಾಗ, ಹಸಿದರೆ,
ಊಟದ ಹಲಗೆಯ ಮೇಲೆ ಹೀಗೇ ಬಡಿಯುತ್ತಿದ್ದನಂತೆ.

ಮುಖವಾಡವೆಂದರೆ ನಾರುಬಟ್ಟೆ, ಅಂಟು ಸವರಿ ಒಣಗಿಸಿದ್ದು.
ತೆರೆದ ಬಾಯಿ ತೆರೆದೇ ಇರುತ್ತದೆ.
ಆದರೆ ನಟ ತಲೆಯನ್ನು ಒಂದು ಬೆರಳಗಲ ಬಗ್ಗಿಸಿದ,
ನೆರಳು ಹಣೆಯಿಂದ ಕೆನ್ನೆಗೆ ಇಳಿಯಿತು,
ಊರಿಗೆ ಊರೇ ಉಸಿರು ಬಿಗಿಹಿಡಿಯಿತು.
ಖೈರಿಪ್ಪೊಸ್‌ನ ಬಾಯಲ್ಲಿ ಅಂಜೂರ ಹಾಗೇ ನಿಂತಿತು.

ಅರಸ ಬಾಗಿಲು ತೆರೆಯಲಿಲ್ಲ.
ಜೋಡಿಗೊಳಲು ಸೀಳಿತು. ಮುದುಕರ ಮೇಳ
ನೆಲಕ್ಕೆ ಕೋಲು ಕುಟ್ಟುತ್ತ ಹಿಂದೆ ಸರಿಯಿತು.
ಯೂಥಿಕ್ಲಿಸ್‌ನ ಭುಜ ಅದುರಿದ್ದನ್ನು ಮೇಲಿನಿಂದ ಕಂಡೆ.
ಆಮೇಲೆ ಸಾಲಿನಿಂದ ಸಾಲಿಗೆ ಏರಿ ಬಂತು ಅಳು;
ನೀರು ಮೇಲಕ್ಕೆ ಹರಿಯುವುದನ್ನು ನಾನು ನೋಡಿದ್ದು ಅವತ್ತೇ.
ಮೀನಿನವನು ಹೊದಿಕೆಯ ತುದಿಗೆ ಮೂಗು ಒರೆಸಿ
'ಥೂ, ಹೊಗೆ' ಅಂದ.

ಹೊಗೆ ಎಲ್ಲಿತ್ತು ಅಲ್ಲಿ?
ಇದ್ದದ್ದು ನಾಲ್ಕನೆಯ ಬಾವಿಯಲ್ಲಿ,
ಎಂಟು ತಿಂಗಳ ಹಿಂದೆ, ಆಸರೆಮರಕ್ಕೆ ಬೆಂಕಿ ಹತ್ತಿದಾಗ.
ಉಳಿದ ಸುರಂಗಗಳಿಗೆ ನುಗ್ಗದಿರಲೆಂದು
ಬಾಯಿ ಮುಚ್ಚಿಸಿದೆವು: ಕಲ್ಲು, ಮಣ್ಣು, ಮೇಲೊಂದು ಒದ್ದೆ ತೊಗಲು.
ಒಳಗೆ ಟಿಬಿಯೊಸ್ ಇದ್ದ, ಬಿಥಿಸ್ ಇದ್ದ,
ದೀಪ ಹಿಡಿಯುವ ಹುಡುಗನೊಬ್ಬ ಇದ್ದ.
ಅವನಿಗೂ ಹೆಸರಿತ್ತು; ನನ್ನ ಹಲಗೆಯಲ್ಲಿ ಮಾತ್ರ 'ಹುಡುಗ, ಒಂದು'.
ಸಂಜೆಯವರೆಗೂ ಬಡಿದರು.
ನಾನು ಮೇಣದ ಮೇಲಿನ ಮೂರು ಗೀಟು ಉಜ್ಜಿ ಅಳಿಸಿದೆ.
ಹೆಬ್ಬೆರಳಿಗೆ ಚೂರು ಮೇಣ ಮೆತ್ತಿತು. ಅವತ್ತು ಅಷ್ಟೇ ಅನ್ನಿಸಿತ್ತು.

ಈಗ, ಇಲ್ಲದ ಊರಿನ ಇಲ್ಲದ ಅರಸನ
ಇಲ್ಲದ ಮಗನಿಗಾಗಿ ಬಿಕ್ಕುತ್ತಿದ್ದೇನೆ,
ಮುಷ್ಟಿಯೊಳಗೆ ಕಡಲೆ ನೆನೆದು ಮೆತ್ತಗಾಗಿದೆ.
ಅವನಿಗೆ ಮರುಗಿದೆನೋ, ನನಗೇ ಹೆದರಿದೆನೋ,
ಎರಡೂ ಒಂದೇ ಗಂಟಲಲ್ಲಿ ಸಿಕ್ಕಿಕೊಂಡಿದ್ದವು.

ಆಟ ಮುಗಿದ ಮೇಲೆ ಧಣಿ ಬೆನ್ನು ತಟ್ಟಿದ. ಕಣ್ಣು ಕೆಂಪಗೆ, ಮುಖ ನಿರಾಳ.
'ಎದೆ ತೊಳೆದ ಹಾಗಾಯಿತು ನೋಡು' ಎಂದ.
ನಾಲ್ಕು ಹೆಜ್ಜೆ ಹೋಗಿ ತಿರುಗಿದ:
'ಆ ಬಾವಿ ನಾಳೆ ತೆಗೆಸು. ಒಳಗೆ ಒಳ್ಳೆ ಅದಿರಿದೆ.'

ಮರುದಿನ ಅದಿರು ತೊಳೆಯುವ ಕಟ್ಟೆಯಲ್ಲಿ
ಆ ಹುಡುಗನ ಹೆಸರೇನೆಂದು ವಿಚಾರಿಸಿದೆ.
ಮೊದಲು ಯಾರೂ ಬಾಯಿ ಬಿಡಲಿಲ್ಲ; ಲೆಕ್ಕದವನು ಕೇಳಿದರೆ ಯಾರು ಹೇಳುತ್ತಾರೆ?
ಕೊನೆಗೆ ಇಬ್ಬರು ಎರಡು ಹೆಸರು ಹೇಳಿದರು.
ಎರಡನ್ನೂ ಬರೆದುಕೊಂಡೆ.
ಅಂದಿನಿಂದ ಲೆಕ್ಕ ತಾಳೆಯಾಗುತ್ತಿಲ್ಲ.